ಋಷಿಯ ಜನಿವಾರ ಅಳಿಸಿದವನು

ಮಾಡಿದ ಕೆಲಸ ನಾಲ್ಕು ಜನರ ಕಣ್ಣಿಗೆ ಬೀಳಬೇಕು ಅಂತ ಎಲ್ಲರಿಗೂ ಆಸೆ. ಅಡುಗೆಯವರ ಕೆಲಸ ಎಲೆಯ ಮೇಲೆ ಕಾಣುತ್ತದೆ, ಗಾರೆಯವರ ಕೆಲಸ ಗೋಡೆಯಲ್ಲಿ ಕಾಣುತ್ತದೆ. ನನ್ನ ಕೆಲಸ ಮಾತ್ರ ಕಂಡರೆ ಕೆಟ್ಟಿತು ಅಂತ ಅರ್ಥ. ಸಿನಿಮಾದಲ್ಲಿ ದೇವತೆಗಳೂ ಋಷಿಗಳೂ ಹಾರುವಾಗ ಅವರನ್ನು ಎತ್ತಿ ಹಿಡಿದಿರುವ ತಂತಿಯನ್ನು ಕಂಪ್ಯೂಟರಿನಲ್ಲಿ ಅಳಿಸುವುದು ನನ್ನ ಉದ್ಯೋಗವಾಗಿತ್ತು. ಮೈಸೂರಿನಲ್ಲಿ ಈ ಕೆಲಸಕ್ಕೆ ಮೊದಲು ಕೈಹಾಕಿದವನು ನಾನೇ. ಇದನ್ನು ನಾನೇ ಹೇಳಿಕೊಳ್ಳಬೇಕಾಗಿದೆ, ಯಾಕೆಂದರೆ ಬೇರೆ ಯಾರಿಗೂ ಗೊತ್ತಿಲ್ಲ.

ಸರಸ್ವತಿಪುರಂನ ನಮ್ಮ ಮನೆಯ ಹಿಂದಿನ ಕೋಣೆಯೇ ನನ್ನ ಸ್ಟುಡಿಯೋ. ಕಂಪ್ಯೂಟರ್ ಚಿತ್ರ ಜೋಡಿಸುತ್ತಿರುವಾಗ ನನ್ನ ಹೆಂಡತಿ ಶಾರದಾ ಮಿಕ್ಸಿ ಹಾಕಿದರೆ ಕರೆಂಟು ಕುಗ್ಗಿ ಎಲ್ಲ ನಿಂತುಹೋಗುತ್ತಿತ್ತು. ಹಾಗಾಗಿ ಮೊದಲ ಸಿನಿಮಾ ಮುಗಿಯುವವರೆಗೆ ಮನೆಯಲ್ಲಿ ಚಟ್ನಿಯೇ ಇರಲಿಲ್ಲ. ಯಂತ್ರದ ಹೊಟ್ಟೆಯೂ ಚಿಕ್ಕದು. ಒಂದು ದೃಶ್ಯ ತಿದ್ದಿ ಮುಗಿದ ಕೂಡಲೇ ಅದರ ಹಳೆಯ ಪ್ರತಿಯನ್ನು ಅಳಿಸಿದರೇ ಮುಂದಿನದಕ್ಕೆ ಜಾಗ. ಆ ಅಭ್ಯಾಸ ನನ್ನ ಬೆರಳಿಗೆ ಅಂಟಿಕೊಂಡುಬಿಟ್ಟಿತು.

ಆ ಸಿನಿಮಾದಲ್ಲಿ ಒಬ್ಬ ಋಷಿ ಹನ್ನೊಂದು ಸೆಕೆಂಡು ಹಾರುತ್ತಾನೆ. ಸೆಕೆಂಡಿಗೆ ಇಪ್ಪತ್ತನಾಲ್ಕು ಚಿತ್ರ. ಒಂದೊಂದರಲ್ಲೂ ಮೌಸು ಹಿಡಿದು ತಂತಿ ಅಳಿಸಬೇಕು. ವಾರ ಕಳೆಯುವುದರೊಳಗೆ ನನಗೆ ಎಲ್ಲಿ ನೋಡಿದರೂ ತಂತಿ. ಬಟ್ಟೆ ಒಣಹಾಕುವ ಹಗ್ಗ ತಂತಿ, ಮಲ್ಲಿಗೆ ಕಟ್ಟುವ ದಾರ ತಂತಿ. ಒಂದು ಹಬ್ಬದ ದಿನ ಶ್ಯಾವಿಗೆ ಪಾಯಸದ ಬಟ್ಟಲಿನ ಮೇಲೆ ನನ್ನ ತೋರುಬೆರಳು ತಾನಾಗಿಯೇ ಓಡಾಡಿತು. ಶಾರದಾ ಗಾಬರಿಯಾಗಿ ದೃಷ್ಟಿ ತೆಗೆದಳು.

ಸಿನಿಮಾ ಬಿಡುಗಡೆಯಾದ ದಿನ, ಸಂಸ್ಕೃತ ಮೇಷ್ಟರಾಗಿ ನಿವೃತ್ತರಾಗಿದ್ದ ನಮ್ಮ ತಂದೆಯವರನ್ನು ಹೆಮ್ಮೆಯಿಂದ ಕರೆದುಕೊಂಡು ಹೋದೆ. ಋಷಿ ಹಾರಿದ. ತಂತಿಯ ಸುಳಿವೇ ಇಲ್ಲ! ಜನ ಶಿಳ್ಳೆ ಹೊಡೆದರು. ನನಗೆ ಕಣ್ಣಲ್ಲಿ ನೀರು. ಅಷ್ಟರಲ್ಲಿ ತಂದೆಯವರು ಇಡೀ ಟಾಕೀಸಿಗೆ ಕೇಳುವಂತೆ, “ಲೋ, ಅವನ ಜನಿವಾರ ಎಲ್ಲೋ? ನೆಲ ಬಿಟ್ಟೋನು ಜನಿವಾರಾನೂ ಬಿಟ್ಬುಟ್ನೇನೋ?” ಅಂದರು.

ನಿಜ. ತಂತಿ ಎಡಭುಜದ ಬಳಿಯಿಂದ ಮೇಲಕ್ಕೆ ಹೋಗಿತ್ತು, ಜನಿವಾರ ಅದೇ ಭುಜದಿಂದ ಕೆಳಕ್ಕೆ ಇಳಿದಿತ್ತು. ನಾನು ಎರಡನ್ನೂ ಒಂದೇ ಗೆರೆ ಅಂದುಕೊಂಡು ಶ್ರದ್ಧೆಯಿಂದ ಸೊಂಟದವರೆಗೂ ಒರೆಸಿಹಾಕಿದ್ದೆ. ನಿರ್ಮಾಪಕರೂ ನಿರ್ದೇಶಕರೂ ತಂತಿ ಹುಡುಕುವುದರಲ್ಲೇ ಇದ್ದದ್ದರಿಂದ ಅವರಿಗೂ ಹೊಳೆದಿರಲಿಲ್ಲ. ಆಮೇಲೆ ಎಷ್ಟೋ ದೇವರುಗಳ ತಂತಿ ಅಳಿಸಿದೆ, ಹಾವಿಗೆ ಹೆಡೆ ಕೂಡಿಸಿದೆ. ಆದರೂ ತಂದೆಯವರು ಕೊನೆಯವರೆಗೂ ಬಂದವರಿಗೆಲ್ಲ, “ಇವನೇ ಕಣ್ರೀ ಋಷಿ ಜನಿವಾರ ತೆಗೆದೋನು” ಅಂತಲೇ ನನ್ನ ಪರಿಚಯ ಮಾಡಿಕೊಟ್ಟರು.

ಹೋದ ತಿಂಗಳು ಒಂದು ಫೋನು. ಇಲ್ಲಿನ ಕಾಲೇಜಿನಲ್ಲಿ ಆನಿಮೇಷನ್ ಕಲಿಸುವ ಸ್ಟೆಲ್ಲಾ ಮೇಡಂ. “ನಮ್ಮ ಮಕ್ಕಳಿಗೆ ನಿಮ್ಮ ಅನುಭವ ಹೇಳ್ಬೇಕು ಸರ್. ಆ ಋಷಿ ಹಾರೋ ಸೀನ್ ಇದ್ದ ಹಾಗೇ ತನ್ನಿ” ಅಂದರು. ಮೈಯೆಲ್ಲ ಜುಮ್ಮೆಂದಿತು. ಕೊನೆಗೂ ಒಬ್ಬರಿಗೆ ಗೊತ್ತಾಯಿತಲ್ಲ ನಾನು ಯಾರು ಅಂತ! ಆ ಸಿನಿಮಾದ ಪ್ರಿಂಟು ಈಗ ಎಲ್ಲೂ ಇಲ್ಲ. ನನ್ನ ಬೀರುವಿನಲ್ಲಿದ್ದ ಬೂಷ್ಟು ಹಿಡಿದ ಟೇಪನ್ನು ಕಂಪ್ಯೂಟರಿಗೆ ಇಳಿಸಿದೆ. ಒಂದೇ ಸಲ ಓಡಿ ಅದು ತುಂಡಾಯಿತು. ಆದರೆ ಅಷ್ಟು ವಿದ್ಯಾರ್ಥಿಗಳ ಮುಂದೆ ಜನಿವಾರವಿಲ್ಲದ ಋಷಿಯೇ? ಹೊಸ ಸಾಫ್ಟ್‌ವೇರಿನಲ್ಲಿ ಕಾಫಿ ಆರುವುದರೊಳಗೆ ಜನಿವಾರ ಬಂದು ಕೂತಿತು. ನಾನು ಕುಣಿಯುವುದೊಂದು ಬಾಕಿ. ಹಳೆಯ ಅಭ್ಯಾಸ, ಬೆರಳು ತಾನಾಗಿ ಹೋಗಿ ಮೂಲ ಪ್ರತಿಯನ್ನು ಅಳಿಸಿತು.

ಕಾಲೇಜಿನಲ್ಲಿ ಋಷಿ ಲಕ್ಷಣವಾಗಿ ಹಾರಿದ. ವಿದ್ಯಾರ್ಥಿಗಳು ಮರ್ಯಾದೆಗೆ ಚಪ್ಪಾಳೆ ತಟ್ಟಿದರು. ಸ್ಟೆಲ್ಲಾ ಮೇಡಂ ಮಾತ್ರ ಎದ್ದು ಪರದೆಯ ಹತ್ತಿರ ಹೋದರು. “ಇಲ್ಲಿ ದಾರ ಇರ್ಲಿಲ್ಲ ಅಲ್ವಾ ಸರ್?”

ನಾನು ಚಿತ್ರವನ್ನು ಅಲ್ಲಿಗೇ ನಿಲ್ಲಿಸಿದೆ.

“ನಮ್ಮನೇಲಿ ಜನಿವಾರ ಅಂದ್ರೆ ಏನು ಅಂತಾನೂ ಗೊತ್ತಿರ್ಲಿಲ್ಲ ಸರ್. ಚರ್ಚ್ ಮುಗಿಸ್ಕೊಂಡು ಅಪ್ಪನ ಜೊತೆ ಸಿನಿಮಾಕ್ಕೆ ಹೋಗಿದ್ದೆ, ಚಿಕ್ಕೋಳು. ಋಷಿ ನೆಲದ ಮೇಲಿದ್ದಾಗ ಮೈಮೇಲೆ ಇದ್ದ ದಾರ ಹಾರಿದಾಗ ಇಲ್ಲ, ಇಳಿದಾಗ ಮತ್ತೆ ಬಂತು. ಯಾರೋ ಕೂತು ಒಂದೊಂದೇ ಚಿತ್ರದಲ್ಲಿ ಅಳಿಸಿದಾರೆ ಅಂತ ಅವತ್ತೇ ಹೊಳೀತು. ಅದನ್ನ ನೋಡೇ ನಾನು ಈ ಓದಿಗೆ ಬಂದಿದ್ದು. ಹಳೇದು ಇದೆಯಲ್ಲ ಸರ್?”

ಇಲ್ಲ ಅಂತ ಹೇಳುವಾಗ ನಾಚಿಕೆಯಾಯಿತು, ದುಃಖವೂ ಆಯಿತು. ನನ್ನ ಕೆಲಸವನ್ನು ಕಣ್ಣಾರೆ ಕಂಡವರು ಪ್ರಪಂಚದಲ್ಲಿ ಇಬ್ಬರೇ. ಒಬ್ಬರು ತಂದೆಯವರು, ಅವರಿಲ್ಲ. ಇನ್ನೊಬ್ಬರು ಎದುರಿಗೆ ನಿಂತಿದ್ದರು. “ಹದಿನೈದು ದಿನ ಕೊಡಿ, ಮತ್ತೆ ಅಳಿಸಿ ತರ್ತೀನಿ” ಅಂದುಬಿಟ್ಟೆ. ಆಗ ಬಿದ್ದ ಚಪ್ಪಾಳೆ ಮರ್ಯಾದೆಯದಲ್ಲ.

“ಜನ ನೆನಪಿಟ್ಕೊಂಡಿದ್ದು ಒಂದೇ ಕೆಲಸ, ಅದನ್ನೂ ಅಳಿಸಿಬಿಟ್ರಾ?” ಅಂದಳು ಶಾರದಾ. ಸಾಫ್ಟ್‌ವೇರಿಗೆ ಹೇಳಿದರೆ ಜನಿವಾರ ಕ್ಷಣದಲ್ಲಿ ಮಾಯ. ಆದರೆ ಅದರಲ್ಲಿ ಕೂತು ಅಳಿಸಿದವನ ಸುಳಿವಿಲ್ಲ. ಹಾಗಾಗಿ ಮೌಸು ಹಿಡಿದು ಒಂದೊಂದೇ ಚಿತ್ರ ಒರೆಸುತ್ತಿದ್ದೇನೆ. ಬೇಕೆಂದೇ ತಪ್ಪು ಮಾಡಲು ಹೋದರೆ ಆಗಿನ ಕೈ ಬರುವುದೇ ಇಲ್ಲ. ಒಂಬತ್ತು ದಿನ ಹೆಣಗಿದೆ.

ಇವತ್ತು ಮಧ್ಯಾಹ್ನ ಶಾರದಾ ಶ್ಯಾವಿಗೆ ಪಾಯಸ ಬಡಿಸಿದಳು. ಬಟ್ಟಲಿನ ಮೇಲೆ ನನ್ನ ತೋರುಬೆರಳು ಮೆಲ್ಲಗೆ ಎಡದಿಂದ ಬಲಕ್ಕೆ ಓಡಾಡತೊಡಗಿತು.

“ಬಂತು ಕಣೇ, ಬಂತು!” ಅಂತ ಕೂಗಿ, ಕೈ ಕೂಡ ತೊಳೆಯದೆ ಹಿಂದಿನ ಕೋಣೆಗೆ ಓಡಿದೆ. ಅವಳು ಮಿಕ್ಸಿಯ ಪ್ಲಗ್ಗು ತೆಗೆದಿಟ್ಟಳು.