ಹೊಂಗೆಯಮ್ಮನ ದತ್ತುಪುತ್ರ

ಈಗಿನ ಸರ್ಕಾರಗಳಲ್ಲಿ ಒಂದೂ ಹುಟ್ಟಿರದಷ್ಟು ಹಿಂದೆ ಸುಭಿಕ್ಷಾವತಿ ಎಂಬ ರಾಜ್ಯವಿತ್ತು. ಆದ್ದರಿಂದ ಓದುಗರು ಯಾರನ್ನೂ ನೆನೆಸಿಕೊಳ್ಳಬೇಕಾಗಿಲ್ಲ. ಅಲ್ಲಿನ ಒಂದು ಹಳ್ಳಿಯಲ್ಲಿ ಹೊಂಗೆಯಮ್ಮನೆಂಬ ದೇವತೆಗೆ ಗುಡಿ, ತೋಪು, ಕೆರೆ ಇದ್ದವು. ತೋಪಿನ ನೆರಳು ದನಗಳಿಗೆ, ಕೆರೆಯ ನೀರು ಊರಿಗೆ. ಪೂಜೆ ಮಾತ್ರ ಸಣ್ಣೀರಪ್ಪನಿಗೂ ಅವನ ದಾಯಾದಿ ಮುದ್ದಣ್ಣನಿಗೂ ವರ್ಷಕ್ಕೊಬ್ಬರಂತೆ ಸರದಿ.

ಒಂದು ವರ್ಷ ಅಧಿಕಮಾಸ ಬಂತು. ಆ ಹೆಚ್ಚಿನ ತಿಂಗಳು ಯಾರ ಸರದಿಗೆ ಸೇರಬೇಕೆಂದು ಇಬ್ಬರೂ ಗುಡಿಯ ಬಾಗಿಲಲ್ಲೇ ಕೈಕೈ ಮಿಲಾಯಿಸಿದರು.

"ದೊರೆ ಹತ್ರಾನೇ ಇತ್ಯರ್ಥ ಆಗ್ಲಿ" ಎಂದ ಸಣ್ಣೀರಪ್ಪ.

"ನಿಮ್ಮಿಬ್ರಾಗೇ ಮುಗಿಸ್ಕಳ್ರಿ. ಅರಮನೆಯೋರಿಗೆ ಯಾಕೆ ನಮ್ಮೂರ ದಾರಿ ತೋರಿಸ್ತೀರಾ?" ಎಂದಳು ಅವನ ಹೆಂಡತಿ ಕರಿಯಮ್ಮ.

ಅವನು ಮಡಿಪಂಚೆ ಉಟ್ಟು ಹೊರಟೇಬಿಟ್ಟ. ಸೋಲಬಾರದೆಂದು ಮುದ್ದಣ್ಣನೂ ಹೊರಟ.

ದಿಗಂತಕೀರ್ತಿ ಮಹಾಪ್ರಭುಗಳು ಅಧಿಕಮಾಸದ ವೃತ್ತಾಂತವನ್ನು ಆಕಳಿಸುತ್ತ ಕೇಳಿದರು. ತೋಪಿನ ಮಾತು ಬಂದಾಗ ನೆಟ್ಟಗೆ ಕೂತರು.

"ಅದು ಯಾರ ಆಸ್ತಿ?"

"ಅಮ್ಮಂದು, ಬುದ್ಧಿ."

"ಅಮ್ಮನಿಗೆ ಮಕ್ಕಳು?"

"ಊರೋರೆಲ್ಲ ಆಯಮ್ಮನ ಮಕ್ಕಳೇ ಅಲ್ವಾ, ಬುದ್ಧಿ" ಎಂದ ಸಣ್ಣೀರಪ್ಪ, ಒಳ್ಳೆಯ ಮಾತಾಡಿದೆನೆಂಬ ಹೆಮ್ಮೆಯಲ್ಲಿ.

ಮಹಾಮಂತ್ರಿ ಅನುಮೋದವರ್ಮರು ಮರುಗಿದರು. "ಅಂದರೆ, ಪ್ರಭು, ದಾಖಲೆಯ ಪ್ರಕಾರ ಯಾರೂ ಇಲ್ಲ. ಈ ಅನಾಥ ತಾಯಿಗೆ ತಮ್ಮಂಥ ಮಗ ದಕ್ಕಿದರೆ ಅದು ಆಕೆಯ ಪುಣ್ಯ."

"ನನಗೆ ಐವತ್ತೆಂಟಾಯಿತಲ್ಲ" ಎಂದರು ಪ್ರಭುಗಳು ನಾಚಿಕೊಂಡು.

"ತಾಯಿಯ ಕಣ್ಣಿಗೆ ತಾವಿನ್ನೂ ಕೂಸು."

ಅಂತೂ ದತ್ತುಸ್ವೀಕಾರ ನಡೆಯಿತು. ಆನೆಯ ಸರಪಳಿಗೆ ತೂಗುಬಿಟ್ಟ ತೊಟ್ಟಿಲಲ್ಲಿ ಪ್ರಭುಗಳು ಕಿರೀಟಸಮೇತ ಮಲಗಿದರು. ಊರ ಹೆಂಗಸರು ಲಾಲಿ ಹಾಡಿದರು. ಹಾಡದವರ ಹೆಸರನ್ನು ಕಾವಲಿನವರು ಕೇಳಿಕೊಂಡರು. "ಆಕ್ಷೇಪಣೆಗೆ ಕಾಲಾವಕಾಶ ನೀಡಲಾಗಿತ್ತು. ದೇವಿಯವರಿಂದ ಯಾವುದೇ ಆಕ್ಷೇಪಣೆ ಬಂದಿರುವುದಿಲ್ಲ" ಎಂದು ಮಂತ್ರಿಗಳು ಘೋಷಿಸಿದರು. ತೊಟ್ಟಿಲು ತೂಗಿ ತೂಗಿ ದಾಯಾದಿಗಳಿಬ್ಬರ ರಟ್ಟೆಯೂ ಬಿದ್ದುಹೋಯಿತು.

ತೋಪು ಕಡಿದು ವಿಹಾರಧಾಮ ಕಟ್ಟಬೇಕೆಂಬುದು ಪ್ರಭುಗಳ ಸಂಕಲ್ಪ. ಅಲ್ಲೊಂದು ತೊಡಕು ಕಂಡಿತು: ತಾಯಿ ಬದುಕಿರುವ ತನಕ ಮಗನ ಹೆಸರಿಗೆ ಖಾತೆಯಾಗದು. ರಾಜವೈದ್ಯರು ಗುಡಿಗೆ ಬಂದು ವಿಗ್ರಹದ ಮಣಿಕಟ್ಟು ಹಿಡಿದರು, ಮೂಗಿಗೆ ಹತ್ತಿ ಹಿಡಿದರು.

"ಮೈ ತಣ್ಣಗಿದೆ. ತೀರಿಕೊಂಡು ಬಹಳ ಕಾಲವಾಗಿರಬೇಕು."

ಸಣ್ಣೀರಪ್ಪ ಮುಂದೆ ಬಂದ. ಬೆಳಿಗ್ಗೆಯಷ್ಟೇ ಅವನು ಆ ಮೈಗೆ ನೀರೆರೆದು ಅರಿಸಿನ ಹಚ್ಚಿದ್ದ.

"ಅದು ಕಲ್ಲಲ್ವಾ ಸ್ವಾಮಿ. ಕಲ್ಲಿಗೆ ಎಂಥಾ ನಾಡಿ?"

"ದೇವಿಯನ್ನು ಕಲ್ಲು ಎಂದ ಈ ನಾಸ್ತಿಕ" ಎಂದರು ಮಂತ್ರಿಗಳು ನಡುಗುವ ದನಿಯಲ್ಲಿ. "ಮಗನ ಭಾವನೆಗೆ ಧಕ್ಕೆಯಾಗಿದೆ."

"ಅವನೊಬ್ನೇ ಅಲ್ಲ, ನಾನೂ ಅಂತೀನಿ" ಎಂದು ಮುದ್ದಣ್ಣ ದಾಯಾದಿ ಅಣ್ಣನ ಪಕ್ಕಕ್ಕೆ ಬಂದು ನಿಂತ. ಇಬ್ಬರ ಪೂಜೆಯ ಹಕ್ಕೂ ಅಲ್ಲೇ ರದ್ದಾಯಿತು.

ಪ್ರಭುಗಳು ನಿಜಕ್ಕೂ ಬಿಕ್ಕಿ ಬಿಕ್ಕಿ ಅತ್ತರು. ಅಳು ನಿಂತ ಮೇಲೆ ಫರ್ಮಾನು ಹೊರಟಿತು: ಪ್ರಜೆಗಳೆಲ್ಲ ಆ ತಾಯಿಯ ಮಕ್ಕಳೆಂದು ಪೂಜಾರಿಯೇ ಒಪ್ಪಿರುವುದರಿಂದ, ತಲೆ ಬೋಳಿಸಿಕೊಂಡು ತಿಥಿಯ ಖರ್ಚನ್ನು ಅವರೇ ಭರಿಸತಕ್ಕದ್ದು, ಆಸ್ತಿ ಮಾತ್ರ ಹಿರಿಯ ಮಗನಿಗೆ. ತಿಥಿಯ ಪಂಕ್ತಿಯಲ್ಲೇ ಪ್ರಭುಗಳಿಗೆ 'ಮಾತೃಭಕ್ತ ಚೂಡಾಮಣಿ' ಎಂಬ ಬಿರುದು ಸಂದಿತು.

ಕೆರೆಗೆ ಬೇಲಿ ಬಿತ್ತು. ಬಿಂದಿಗೆಗೆ ಇಷ್ಟೆಂದು 'ಸೂತಕ ಸೆಸ್' ಗೊತ್ತಾಯಿತು. ಹರಿದ ಪಂಚೆಯಲ್ಲಿ ಸಣ್ಣೀರಪ್ಪ ಸಾಲಿನ ಕೊನೆಗೆ ನಿಂತ, ಪಕ್ಕದಲ್ಲಿ ಬಿಂದಿಗೆ ಹಿಡಿದು ಕರಿಯಮ್ಮ.

ಅವರ ಪಾಳಿ ಬಂದಾಗ ಗೇಟಿನವನು ಮುಂದಿನ ಸೂತಕದ ದುಡ್ಡನ್ನೂ ಕೇಳಿದ.

"ಮುಂದಿಂದು ಯಾವ್ದಪ್ಪ?"

"ಬೆಟ್ಟದ ಗಿರಿಯಪ್ಪಸ್ವಾಮಿಗೂ ಮಕ್ಕಳಿಲ್ವಂತೆ. ಬರೋ ತಿಂಗಳು ದತ್ತು. ಈಗ್ಲೇ ಕಟ್ಟಿದ್ರೆ ರಿಯಾಯಿತಿ ಐತೆ."

ಬೆಟ್ಟದ ಮೇಲೆ ಗಿರಿಯಪ್ಪನ ಪೂಜಾರಿ ಎಂದಿನಂತೆ ಗಂಟೆ ಬಾರಿಸುತ್ತಿದ್ದ. ಸಣ್ಣೀರಪ್ಪ ಅತ್ತ ಒಮ್ಮೆ ನೋಡಿ, ಸೊಂಟದ ದುಡ್ಡಿನ ಗಂಟು ಬಿಚ್ಚಿದ.