ಒಂದು ಮೂಟೆ ಚೇತರಿಕೆ

ಎವರಿಸ್ತೊ ಪೆದೆರ್ನೇರಾನ ಮನೆಯ ಬಾಗಿಲಿಗೂ ಬೀದಿಗೂ ನಡುವೆ ಇದ್ದದ್ದು ಒಂದೇ ಮೆಟ್ಟಿಲು. ಅದು ಮುರಿದು ನಾಲ್ಕು ವರ್ಷವಾಗಿತ್ತು. "ಈ ಭಾನುವಾರ ಸರಿಮಾಡ್ತೀನಿ" ಎಂದು ಅವನು ಹೆಂಡತಿ ನೆಲಿದಾಗೆ ಸುಮಾರು ಇನ್ನೂರು ಭಾನುವಾರ ಮಾತು ಕೊಟ್ಟಿದ್ದ. ಎರಡು ವಾರದ ಹಿಂದೆ ನೆಲಿದಾ ಆ ಮೆಟ್ಟಿಲ ಮೇಲೆ ಕಾಲು ಜಾರಿ ಬಿದ್ದು, ಮೂಳೆ ಮುರಿದುಕೊಂಡು ಆಸ್ಪತ್ರೆ ಸೇರಿದಳು. ಸ್ಟ್ರೆಚರ್ ಮೇಲೆ ಮಲಗಿಕೊಂಡೇ ಬೀದಿಗೆಲ್ಲ ಕೇಳುವಂತೆ ಹೇಳಿದ್ದಳು:

"ನೋಡು, ನಾನು ವಾಪಸ್ ಬರೋ ದಿನ ಈ ಮೆಟ್ಟಿಲು ಹೀಗೇ ಇದ್ರೆ ಒಳಗೆ ಕಾಲಿಡಲ್ಲ. ಸೀದಾ ಕೊರ್ದೊಬಾಗೆ, ನಮ್ಮಕ್ಕನ ಮನೆಗೆ ಹೋಗ್ತೀನಿ. ನೀನು ಮೆಟ್ಟಿಲ ಜೊತೆ ಸಂಸಾರ ಮಾಡ್ಕೊ."

ಈ ಶುಕ್ರವಾರ ಸಂಜೆ ಐದಕ್ಕೆ ಅವಳನ್ನು ಮನೆಗೆ ಕಳಿಸುತ್ತಾರೆಂದು ಆಸ್ಪತ್ರೆಯಿಂದ ಫೋನ್ ಬಂತು. ಎವರಿಸ್ತೊ ಅಂಚೆ ಕಚೇರಿಯಲ್ಲಿ ಗುಮಾಸ್ತೆ. ಮೂವತ್ತು ವರ್ಷ ಕಾಗದಗಳ ಮೇಲೆ ಮುದ್ರೆ ಒತ್ತಿದ ಕೈ ಅದು. ಬೇರೆ ಯಾವ ಉಪಕರಣವನ್ನೂ ಹಿಡಿದು ಗೊತ್ತಿರಲಿಲ್ಲ. ಆದರೂ ಆ ದಿನ ರಜೆ ಹಾಕಿ, ಬೆಳಗ್ಗೆ ಎಂಟಕ್ಕೇ ದೋನ್ ಬರ್ತೊಲೊನ ಸಿಮೆಂಟ್ ಅಂಗಡಿಗೆ ಹೋದ.

ಅದು ಯಾರೂ ಏನನ್ನೂ ಕಟ್ಟದ ವರ್ಷ. ಬ್ಯೂನಸ್ ಐರಿಸ್ ಹೊರವಲಯದ ಪಾಸೊ ಚೀಕೊ ಬಡಾವಣೆಯಲ್ಲಂತೂ ಅರ್ಧ ಎದ್ದ ಗೋಡೆಗಳು ಹಲ್ಲು ಬಿದ್ದ ಮುದುಕರ ಹಾಗೆ ಬಾಯಿ ತೆರೆದು ನಿಂತಿದ್ದವು. ಸರ್ಕಾರ ರಸ್ತೆ, ಸೇತುವೆ, ಶಾಲೆ ಎಲ್ಲವನ್ನೂ ನಿಲ್ಲಿಸಿ, ಉಳಿತಾಯವಾಯಿತೆಂದು ತನ್ನ ಬೆನ್ನು ತಾನೇ ತಟ್ಟಿಕೊಂಡಿತ್ತು. ಮನೆ ಕಟ್ಟುತ್ತಿದ್ದದ್ದು ಓರ್ನೆರೊ ಹಕ್ಕಿ ಮಾತ್ರ; ಅದಕ್ಕೆ ಕೊಕ್ಕಿನ ತುಂಬ ಕೆಸರು ಸಾಕು, ಬ್ಯಾಂಕಿನ ಸಾಲ ಬೇಡ. ಬರ್ತೊಲೊನದು ಹೆಸರಿಗೆ ಕಟ್ಟಡ ಸಾಮಾನಿನ ಅಂಗಡಿ. ಆದರೆ ಅಲ್ಲಿ ಏನನ್ನಾದರೂ ಕಟ್ಟುತ್ತಿದ್ದದ್ದು ಜೇಡಗಳು ಮಾತ್ರ.

"ಸ್ವಲ್ಪ ಸಿಮೆಂಟ್ ಬೇಕಿತ್ತು" ಎಂದ ಎವರಿಸ್ತೊ.

ಬರ್ತೊಲೊ ಕುಡಿಯುತ್ತಿದ್ದ ಮಾಟೆ ಕಷಾಯದ ಸೋರೆಬುರುಡೆಯನ್ನು ಕೆಳಗಿಟ್ಟ. ಕಣ್ಣು ಉಜ್ಜಿಕೊಂಡ. "ಏನಂದ್ರಿ?"

"ಸಿಮೆಂಟು. ಎರಡು ಬಾಂಡ್ಲಿ ಆಗೋವಷ್ಟು."

"ಬಿಡಿಬಿಡಿಯಾಗಿ ಮಾರಲ್ಲ ಸ್ವಾಮಿ, ಮೂಟೆ ತಗೊಳ್ಳಿ. ಎತ್ಕೊಂಡು ಹೋಗೋದು ಬೇಡ, ಲಾರೀಲಿ ಕಳಿಸ್ತೀನಿ."

"ಒಂದು ಮೂಟೆಗೆ ಲಾರೀನಾ? ನನ್ನ ಕೈಗಾಡಿ ಇದೆ."

"ಕಾಲಿಗೆ ಬೀಳ್ತೀನಿ, ಬೇಡ ಅನ್ಬೇಡಿ. ನಮ್ಮ ಡ್ರೈವರ್ ಎಂಟು ವಾರದಿಂದ ಸುಮ್ನೆ ಕೂತಿದ್ದಾನೆ. ಇನ್ನೊಂದು ವಾರ ಹೋದ್ರೆ ಬ್ರೇಕ್ ಯಾವುದು, ಕ್ಲಚ್ ಯಾವುದು ಅಂತ ನನ್ನ ಕೇಳ್ತಾನೆ."

ಹೀಗೆ ಹತ್ತು ಟನ್ನಿನ ಲಾರಿಯ ನಟ್ಟನಡುವೆ ಒಂದೇ ಒಂದು ಮೂಟೆ ಮದುವಣಗಿತ್ತಿಯ ಹಾಗೆ ಕುಳಿತು ಪಾಸೊ ಚೀಕೊದ ಬೀದಿಗಳಲ್ಲಿ ಮೆರವಣಿಗೆ ಹೊರಟಿತು. ಡ್ರೈವರ್ ಖುಷಿಗೆ ಹಾದಿಯುದ್ದಕ್ಕೂ ಹಾರನ್ ಬಾರಿಸಿದ. ಜನ ಕಿಟಕಿ ತೆರೆದು ನೋಡಿದರು. ಒಬ್ಬ ಮುದುಕಿ ಶಿಲುಬೆಯ ಗುರುತು ಮಾಡಿಕೊಂಡಳು.

ಮೂಟೆ ಮನೆ ಮುಂದೆ ಇಳಿಯುವ ಹೊತ್ತಿಗೆ ಲಾರಿಯ ಹಿಂದೆ ಮೂರು ಜನ ಗಾರೆಯವರು ಓಡಿ ಬಂದಿದ್ದರು. ಒಂಬತ್ತು ಗಂಟೆಗೆ ಹನ್ನೊಂದು ಜನರಾದರು. ಎಲ್ಲರ ಕೈಯಲ್ಲೂ ಕರಣೆ, ತೂಗುಗುಂಡು, ರಸಮಟ್ಟ. ಅವರ ಮುಂದಾಳು ಉಬಾಲ್ದೊ ಮೇಸ್ತ್ರಿ. ಒಂದು ಕಾಲಕ್ಕೆ ಇಪ್ಪತ್ತು ಮಹಡಿ ಎಬ್ಬಿಸಿದ ಆಳು, ಈಗ ಸಿಗ್ನಲ್ಲಿನಲ್ಲಿ ಕಾಲುಚೀಲ ಮಾರುತ್ತಿದ್ದ.

"ಎಷ್ಟು ಮಹಡಿ ಯಜಮಾನ್ರೇ?" ಎಂದ ಉಬಾಲ್ದೊ, ಟೋಪಿ ತೆಗೆದು.

"ಮಹಡಿ ಏನಿಲ್ಲಪ್ಪ. ಒಂದು ಮೆಟ್ಟಿಲು."

ಉಬಾಲ್ದೊ ಹಿಂದೆ ತಿರುಗಿ ಕೂಗಿದ: "ಮೆಟ್ಟಿಲಿಂದ ಶುರುವಂತೆ ಕಣ್ರೋ!"

"ಶುರು ಅಲ್ಲಯ್ಯಾ, ಮೆಟ್ಟಿಲು ಅಷ್ಟೇ!"

"ಗೊತ್ತಾಯ್ತು ಬಿಡಿ. ಮನೆ ಕಟ್ಟಿಸೋರೆಲ್ಲ ಮೊದಲು ಹೀಗೇ ಹೇಳೋದು. ತೆರಿಗೆಯೋರ ಭಯ." ಉಬಾಲ್ದೊ ಕಣ್ಣು ಮಿಟುಕಿಸಿದ.

ಎವರಿಸ್ತೊ ಆಣೆ ಪ್ರಮಾಣ ಮಾಡಿ, ಮುರಿದ ಮೆಟ್ಟಿಲನ್ನು ತೋರಿಸಿ, ತನ್ನ ಕೈಯಲ್ಲಿ ಹನ್ನೊಂದು ಕೂಲಿ ಕೊಡಲು ಆಗುವುದಿಲ್ಲ ಎಂದು ಅಂಗಲಾಚಿದ. ಉಬಾಲ್ದೊ ಕರಣೆಯನ್ನು ಅಂಗೈಯಲ್ಲಿ ತಿರುಗಿಸಿದ. ಆಮೇಲೆ ಮೆಲ್ಲಗೆ ಹೇಳಿದ:

"ಕೂಲಿ ಬೇಡ ಯಜಮಾನ್ರೇ. ಕೈ ಮರೆತುಹೋಗ್ತಿದೆ. ಒಂದು ಗಂಟೆ ಕರಣೆ ಹಿಡಿಯೋಕೆ ಬಿಡಿ, ಸಾಕು. ಮಧ್ಯಾಹ್ನ ಮಾತ್ರ ಬೆಂಕಿ ಹಾಕ್ಬೇಕಾಗುತ್ತೆ. ಶುಕ್ರವಾರ ಕಟ್ಟಡದ ಹತ್ರ ಮಾಂಸ ಸುಡದೆ ಹೋದ್ರೆ ಗೋಡೆಗೆ ಆಗಿಬರಲ್ಲ."

ಇದಕ್ಕೆ ಇಲ್ಲ ಅನ್ನುವ ಎದೆ ಎವರಿಸ್ತೊಗೆ ಇರಲಿಲ್ಲ. ನೆಲಿದಾಳ ಸ್ವಾಗತಕ್ಕೆಂದು ತಂದಿಟ್ಟಿದ್ದ ದನದ ಪಕ್ಕೆಲುಬನ್ನು ಫ್ರಿಜ್ಜಿನಿಂದ ಹೊರತೆಗೆದ.

ಆಗ ಪಕ್ಕದ ಮನೆಯ ದೋನ್ಯಾ ಎರ್ಸಿಲಿಯಾ ಬೇಲಿಯ ಮೇಲಿಂದ ತಲೆ ಹಾಕಿದಳು. ಬೀದಿಯ ಸುದ್ದಿಯೆಲ್ಲ ಮೊದಲು ಅವಳ ಮೂಗಿಗೆ ತಾಗಿ ಆಮೇಲೆ ಮುಂದಕ್ಕೆ ಹೋಗುತ್ತಿತ್ತು.

"ಏನಪ್ಪಾ ಎವರಿಸ್ತೊ, ಹೆಂಡ್ತಿ ಆಸ್ಪತ್ರೇಲಿದ್ದಾಗ ಕದ್ದುಮುಚ್ಚಿ ಎರಡನೇ ಮಹಡಿ ಎಬ್ಬಿಸ್ತಿದ್ದೀಯಂತೆ? ನನ್ನ ಬಟ್ಟೆ ಒಣಗೋಕೆ ಬಿಸಿಲು ಯಾರು, ನಿಮ್ಮಪ್ಪ ಕೊಡ್ತಾನಾ?"

"ಅಯ್ಯೋ ದೋನ್ಯಾ ಎರ್ಸಿಲಿಯಾ, ಬರೀ ಒಂದು ಮೆಟ್ಟಿಲು!"

"ಒಂದು ಮೆಟ್ಟಿಲಿಗೆ ಹನ್ನೊಂದು ಜನ ಮೇಸ್ತ್ರಿಗಳು! ನಾನೇನು ನಿನ್ನೆ ಹುಟ್ಟಿದೋಳಾ?"

ಅವಳು ಒಳಗೆ ಹೋಗಿ ಫೋನ್ ಎತ್ತಿದಳು. ಅಕ್ರಮ ಕಟ್ಟಡದ ದೂರು ಕೆಳಗಿನ ಕಚೇರಿಯಿಂದ ಮೇಲಿನ ಕಚೇರಿಗೆ, ಅಲ್ಲಿಂದ ಅದರ ಮೇಲಿನದಕ್ಕೆ ಹೋಯಿತು. ಹತ್ತು ವರ್ಷದಲ್ಲಿ ಮೊದಲ ಬಾರಿಗೆ ಒಂದು ದೂರು ಒಂದೇ ದಿನದಲ್ಲಿ ಅಷ್ಟು ದೂರ ಪ್ರಯಾಣ ಮಾಡಿತ್ತು.

ಇತ್ತ ಕೆಲಸ ಭರದಿಂದ ಸಾಗಿತ್ತು. ಇಬ್ಬರು ಇಟ್ಟಿಗೆ ಇಟ್ಟರು, ಒಬ್ಬ ತೂಗುಗುಂಡು ಹಿಡಿದ, ಒಬ್ಬ ರಸಮಟ್ಟ ನೋಡಿದ, ಮೂವರು ಸಲಹೆ ಕೊಟ್ಟರು, ಉಳಿದ ನಾಲ್ವರು ಸರದಿ ತಪ್ಪಿತೆಂದು ಜಗಳವಾಡಿದರು. ಊಟ ಮುಗಿಸಿ ಎರಡು ಗಂಟೆಗೆ ನೋಡಿದರೆ ಮೆಟ್ಟಿಲು ಸಿದ್ಧ. ಅಂಚು ಕತ್ತಿಯ ಹಾಗೆ, ಮೈ ಬೆಣ್ಣೆಯ ಹಾಗೆ. ಅಂಥ ಮೆಟ್ಟಿಲಿನ ಹಿಂದೆ ಅರಮನೆ ಇರಬೇಕಿತ್ತು. ಇದ್ದದ್ದು ಎವರಿಸ್ತೊನ ಬಣ್ಣ ಹೋದ ಬಾಗಿಲು. ಉಬಾಲ್ದೊ ಮೇಸ್ತ್ರಿ ಅದನ್ನು ಮಗುವಿನ ಕೆನ್ನೆಯ ಹಾಗೆ ಸವರಿದ.

"ನಾಳೆವರೆಗೂ ತುಳೀಬೇಡಿ. ಸಂಜೆ ಅಮ್ಮಾವ್ರು ಬಂದಾಗ ಮೇಲೆ ಹಲಗೆ ಹಾಕಿ ದಾಟಿಸಿ."

ಎವರಿಸ್ತೊನ ನಾಲ್ಕು ವರ್ಷದ ಕಳಂಕ ಐದು ಗಂಟೆಯಲ್ಲಿ ತೊಳೆದುಹೋಗಿತ್ತು. ನೆಲಿದಾ ಕೊರ್ದೊಬಾಗೆ ಹೋಗುವುದಿಲ್ಲ!

ಆಗಲೇ ಮೂರು ಕಪ್ಪು ಕಾರುಗಳು ಬಂದು ನಿಂತವು. ಮೊದಲನೆಯದರಿಂದ ಕೋಟು ತೊಟ್ಟ, ಲೋಕೋಪಯೋಗಿ ಇಲಾಖೆಯ ಉಪನಿರ್ದೇಶಕ ಕಿಂತಾನಾ ಇಳಿದ, ಎರಡನೆಯದರಿಂದ ಅವನ ಗುಮಾಸ್ತೆ, ಮೂರನೆಯದರಿಂದ ಟಿವಿ ಕ್ಯಾಮೆರಾ.

"ಇಲ್ಲಿ ಕಟ್ಟಡ ಕಟ್ಟಿಸ್ತಿರೋರು ಯಾರು?"

ಎವರಿಸ್ತೊ ಕೈ ಮುಗಿದ. "ತಪ್ಪಾಯ್ತು ಸಾರ್. ಪರವಾನಗಿ ಬೇಕು ಅಂತ ಗೊತ್ತಿರಲಿಲ್ಲ. ಬರೀ ಒಂದು..."

ಕಿಂತಾನಾ ಅವನನ್ನು ಬಾಚಿ ತಬ್ಬಿಕೊಂಡ. "ತಪ್ಪಾ? ದೇಶಭಕ್ತ ಕಣ್ರೀ ನೀವು! ಹೋದ ತಿಂಗಳು ಈ ವಲಯದಲ್ಲಿ ಕಾಮಗಾರಿ ಎಷ್ಟು?" ಎಂದು ಗುಮಾಸ್ತೆಯ ಕಡೆ ತಿರುಗಿದ.

"ಸೊನ್ನೆ ಸಾರ್."

"ಈ ತಿಂಗಳು?"

"ಒಂದು ಸಾರ್."

"ಬೆಳವಣಿಗೆ ಶೇಕಡಾ ಎಷ್ಟಾಯ್ತು?"

"ಅದು... ಸೊನ್ನೆಯಿಂದ ಭಾಗಿಸೋಕೆ ಬರಲ್ಲ ಸಾರ್."

"ಕೇಳಿಸ್ಕೊಂಡ್ರಾ?" ಕಿಂತಾನಾ ಕ್ಯಾಮೆರಾದ ಕಡೆ ಕೈ ಚಾಚಿದ. "ಲೆಕ್ಕಕ್ಕೇ ಸಿಗದಷ್ಟು ಬೆಳವಣಿಗೆ! ಹನ್ನೊಂದು ಜನಕ್ಕೆ ಉದ್ಯೋಗ! ನಿರ್ಮಾಣ ಕ್ಷೇತ್ರ ಎದ್ದು ನಿಂತಿದೆ! ಎಲ್ಲಿ, ಅಡಿಗಲ್ಲು ತನ್ನಿ."

ಕಾರಿನ ಡಿಕ್ಕಿಯಿಂದ ಕಿಂತಾನಾನ ಹೆಸರು ಕೆತ್ತಿದ ಒಂದು ಕಲ್ಲು ಇಳಿಯಿತು. ಯಾವ ಊರಲ್ಲಿ ಏನು ಸಿಕ್ಕೀತೋ ಎಂದು ಅದನ್ನು ಎಂಟು ತಿಂಗಳಿಂದ ಡಿಕ್ಕಿಯಲ್ಲೇ ಹೊತ್ತು ತಿರುಗುತ್ತಿದ್ದರು.

"ಸಾರ್, ಕೆಲಸ ಮುಗಿದೇಹೋಯ್ತು" ಎಂದ ಎವರಿಸ್ತೊ, ಹೆಮ್ಮೆಯಿಂದ.

ಕಿಂತಾನಾನ ಮುಖ ಇಳಿಯಿತು. "ಮುಗೀತಾ? ಮುಗಿಸಿ ಅಂತ ನಿಮಗೆ ಹೇಳಿದವರ್ಯಾರು?"

"ಮೆಟ್ಟಿಲು ಅಂದ್ಮೇಲೆ..."

"ಮುಗಿದ ಕಾಮಗಾರಿ ಇಟ್ಕೊಂಡು ನಾನೇನು ಮಾಡ್ಲಿ? ಮುಗಿದ್ರೆ ಜನ ತುಳ್ಕೊಂಡು ಓಡಾಡ್ತಾರೆ, ಅಷ್ಟೇ. ಶುರು ಆದದ್ದನ್ನ ಟಿವೀಲಿ ತೋರಿಸ್ಬೇಕು. ಒಡೀರಿ ಅದನ್ನ!"

ಎವರಿಸ್ತೊ ಮೆಟ್ಟಿಲಿಗೆ ಅಡ್ಡ ನಿಂತ. "ಸಾರ್, ಐದು ಗಂಟೆಗೆ ನನ್ನ ಹೆಂಡ್ತಿ ಬರ್ತಾಳೆ, ಕಾಲು ಮುರಿದಿದೆ..."

"ದೇಶದ ಬೆನ್ನೇ ಮುರಿದಿರೋವಾಗ ನಿಮಗೆ ಒಂದು ಕಾಲಿನ ಚಿಂತೆ!"

ಎವರಿಸ್ತೊ ಉಬಾಲ್ದೊನ ಮುಖ ನೋಡಿದ. ಮೇಸ್ತ್ರಿ ನಾಚಿಕೆಯಿಂದ ಕತ್ತು ಕೆರೆದುಕೊಂಡ. "ಬೇಜಾರು ಮಾಡ್ಕೋಬೇಡಿ ಯಜಮಾನ್ರೇ. ಒಡೆಯೋದಕ್ಕೆ ಸರ್ಕಾರಿ ಕೂಲಿ ಕೊಡ್ತಾರಂತೆ. ಒಡೆಯೋದೂ ಕೆಲಸಾನೇ ಅಲ್ವಾ?"

ಹತ್ತು ನಿಮಿಷದಲ್ಲಿ ಬೆಣ್ಣೆಯಂಥ ಮೆಟ್ಟಿಲು ಪುಡಿಪುಡಿಯಾಯಿತು. ಅಡಿಗಲ್ಲಿಗೆ ಆಳ ಸಾಲದೆಂದು ಸೊಂಟದವರೆಗೆ ಗುಂಡಿ ತೋಡಿದರು. ಮೂಟೆಯಲ್ಲಿ ಉಳಿದ ಸಿಮೆಂಟನ್ನೆಲ್ಲ ಕಲಸಿ ಕಲ್ಲಿನ ಕೆಳಗೆ ಸುರಿದರು. ಕಿಂತಾನಾ ಬೆಳ್ಳಿ ಕರಣೆಯಲ್ಲಿ ಒಂದು ಚಿಟಿಕೆ ಗಾರೆ ಎತ್ತಿ ಹಾಕಿ, ಇಪ್ಪತ್ತು ನಿಮಿಷ ಭಾಷಣ ಮಾಡಿದ. ಬಿಸಿಲಿಗೆ ಇನ್ನೇನೂ ಅಪಾಯವಿಲ್ಲ ಎಂದು ಖಾತ್ರಿಯಾದ ದೋನ್ಯಾ ಎರ್ಸಿಲಿಯಾ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದಳು.

"ಇನ್ನು ನಾನು ಗುಂಡಿ ಮುಚ್ಚಬಹುದಾ ಸಾರ್?" ಎಂದ ಎವರಿಸ್ತೊ, ಸಪ್ಪೆ ಮುಖದಲ್ಲಿ.

"ಮುಟ್ಟೀರಿ ಜೋಕೆ! ಈಗ ಇದು ಸಾರ್ವಜನಿಕ ಕಾಮಗಾರಿ. ಟೆಂಡರ್ ಕರೀಬೇಕು."

"ಯಾವಾಗ ಕರೀತೀರಿ?"

"ಹಣ ಬಂದಾಗ."

"ಹಣ ಯಾವಾಗ ಬರುತ್ತೆ?"

ಕಿಂತಾನಾ ನಕ್ಕು, ಚಿಕ್ಕ ಮಗುವಿಗೆ ಮಾಡುವ ಹಾಗೆ ಅವನ ಕೆನ್ನೆ ತಟ್ಟಿದ.

ಎವರಿಸ್ತೊ ಗುಂಡಿಯ ಅಂಚು ಹಿಡಿದು ದಾಟಿ ಒಳಗೆ ಹೋಗಿ, ಬಾಗಿಲ ಹಿಂದೆ ಕುರ್ಚಿ ಹಾಕಿಕೊಂಡು ತಲೆಯ ಮೇಲೆ ಕೈ ಹೊತ್ತು ಕುಳಿತ. ಹೆಂಡತಿಗೆ ಏನು ಹೇಳಬೇಕೆಂದು ಹತ್ತು ಸಲ ಬಾಯಿಪಾಠ ಮಾಡಿದ. ಹತ್ತು ಸಲವೂ ಅವನಿಗೇ ನಂಬಿಕೆ ಬರಲಿಲ್ಲ.

ಸರಿಯಾಗಿ ಐದಕ್ಕೆ ಆಂಬುಲೆನ್ಸ್ ಬಂತು. ಊರುಗೋಲು ಊರಿಕೊಂಡು ಇಳಿದ ನೆಲಿದಾ ಕಣ್ಣರಳಿಸಿ ನೋಡಿದಳು: ಮೂರು ಕಾರು, ಹನ್ನೊಂದು ಮೇಸ್ತ್ರಿಗಳು, ಸುಟ್ಟ ಮಾಂಸದ ಹೊಗೆ, ಮೆಟ್ಟಿಲಿದ್ದ ಜಾಗದಲ್ಲಿ ಒಂದು ಬಾವಿ. ಟಿವಿಯವಳು ಮೈಕು ಹಿಡಿದು ಅವಳ ಮುಂದೆ ಹಾರಿದಳು.

"ಅಮ್ಮಾ, ನಿಮ್ಮ ಮನೆಯಿಂದಲೇ ನಿರ್ಮಾಣ ಕ್ಷೇತ್ರದ ಚೇತರಿಕೆ ಶುರುವಾಗಿದೆ. ಏನನ್ನಿಸುತ್ತೆ?"

ನೆಲಿದಾ ಪ್ಲಾಸ್ಟರ್ ಹಾಕಿದ ಕಾಲನ್ನು ಎತ್ತಿ ಕ್ಯಾಮೆರಾಕ್ಕೆ ಹಿಡಿದಳು. "ಈ ವರ್ಷ ಇಡೀ ದೇಶದಲ್ಲಿ ಪ್ಲಾಸ್ಟರ್ ಕೆಲಸ ನಡೆದಿರೋದು ಇಲ್ಲಿ ಮಾತ್ರ. ನೋಡ್ಕೊಳ್ಳಿ!"

ಸೇರಿದ್ದವರೆಲ್ಲ ಘೊಳ್ಳೆಂದರು. ನಗದೆ ಇದ್ದವನು ಕಿಂತಾನಾನ ಗುಮಾಸ್ತೆ ಒಬ್ಬನೇ. ಅವನು ಪುಸ್ತಕದಲ್ಲಿ ಬರೆದುಕೊಂಡ: ಪ್ಲಾಸ್ಟರ್ ಕೆಲಸ, ಒಂದು.

ಹೆಂಡತಿಯ ದನಿ ಕೇಳಿದ್ದೇ ಎವರಿಸ್ತೊ ಬಾಯಿಪಾಠವೆಲ್ಲ ಮರೆತ. "ನೆಲಿದಾ! ಕೊರ್ದೊಬಾಗೆ ಹೋಗ್ಬೇಡ ಕಣೇ!" ಎನ್ನುತ್ತ ಬಾಗಿಲು ತೆರೆದು, ಕೈ ಚಾಚಿಕೊಂಡು, ಇಲ್ಲದ ಮೆಟ್ಟಿಲ ಮೇಲೆ ಕಾಲಿಟ್ಟ.

ಅವನು ಬಿದ್ದ ಸದ್ದಿಗಿಂತ ಮೂಳೆ ಮುರಿದ ಸದ್ದೇ ಚೆನ್ನಾಗಿ ಕೇಳಿಸಿತು ಎಂದು ದೋನ್ಯಾ ಎರ್ಸಿಲಿಯಾ ಆಮೇಲೆ ಬೀದಿಯೆಲ್ಲ ಹೇಳಿಕೊಂಡು ಬಂದಳು.

ನೆಲಿದಾಳನ್ನು ತಂದ ಆಂಬುಲೆನ್ಸಿನಲ್ಲೇ ಎವರಿಸ್ತೊನನ್ನು ತುಂಬಿದರು. ಹನ್ನೊಂದು ಜನ ನೆಲಿದಾಳನ್ನು ಕುರ್ಚಿಯ ಸಮೇತ ಎತ್ತಿ ಕಿಟಕಿಯಿಂದ ಮನೆಯೊಳಗೆ ಇಳಿಸಿದರು. ಅವಳು ಬೈಯುವುದನ್ನೂ ಮರೆತು, "ಯಾರಾದ್ರೂ ಅವನ ಜೊತೆ ಹೋಗ್ರಪ್ಪಾ, ಸೂಜಿ ಕಂಡ್ರೆ ಮೂರ್ಛೆ ಹೋಗ್ತಾನೆ" ಎಂದು ಅತ್ತಳು. ಗುಂಡಿಯದೇನೂ ತಪ್ಪಿಲ್ಲವೆಂದು ಎವರಿಸ್ತೊನ ಒಂದು ರುಜು ಬೇಕಿದ್ದದ್ದರಿಂದ ಕಿಂತಾನಾನ ಗುಮಾಸ್ತೆಯೇ ಜೊತೆಗೆ ಹತ್ತಿದ.

ಏಳು ಗಂಟೆಗೆ ಎವರಿಸ್ತೊ ಕಣ್ಣು ಬಿಟ್ಟಾಗ ಆಸ್ಪತ್ರೆಯ ಗೋಡೆಯ ಮೇಲಿನ ಟಿವಿಯಲ್ಲಿ ಕಿಂತಾನಾ ಮಿಂಚುತ್ತಿದ್ದ.

"ಸಿಮೆಂಟ್ ಮಾತು ಬಿಡಿ," ಎನ್ನುತ್ತಿದ್ದ ಅವನು. "ಪಾಸೊ ಚೀಕೊ ಒಂದರಲ್ಲೇ ಪ್ಲಾಸ್ಟರ್ ಕೆಲಸ ಇವತ್ತು ಒಂದೇ ಸಂಜೆಯಲ್ಲಿ ಎರಡು ಪಟ್ಟಾಗಿದೆ. ನಮ್ಮ ಗುಮಾಸ್ತೆ ಕಣ್ಣಾರೆ ನೋಡಿ ಬರೆದುಕೊಂಡಿದ್ದಾರೆ. ನೂರಕ್ಕೆ ನೂರು ಬೆಳವಣಿಗೆ!"

ಪಕ್ಕದ ಹಾಸಿಗೆಯಲ್ಲಿದ್ದ ರೋಗಿ ದಡಬಡಿಸಿ ಎದ್ದು ಕೂತ.

"ಕೇಳಿದ್ರಾ ಸ್ವಾಮಿ? ಪಾಸೊ ಚೀಕೊ ಅಂತೆ! ನಾನೂ ಪ್ಲಾಸ್ಟರ್ ಮೇಸ್ತ್ರಿನೇ, ಕೆಲಸ ಇಲ್ದೆ ಒಂದು ವರ್ಷ ಆಯ್ತು. ನಾಳೆ ಡಿಸ್ಚಾರ್ಜ್ ಆದ ಕೂಡಲೇ ಸೀದಾ ಅಲ್ಲಿಗೇ ಹೋಗ್ತೀನಿ. ಕೆಲಸ ನಡೀತಿರೋದು ಸರಿಯಾಗಿ ಎಲ್ಲಿ ಅಂತ ನಿಮಗೇನಾದ್ರೂ ಗೊತ್ತಾ?"

ಎವರಿಸ್ತೊ ಹೊದಿಕೆ ಸರಿಸಿ, ಪ್ಲಾಸ್ಟರ್ ಹಾಕಿದ ಕಾಲು ತೋರಿಸಿದ.