ಸಾಹೇಬರ ವೈನಿಗೆ ಬಿಸಿಲು ಕಾಣಿಸಿದ್ದು

ವೈನಿನ ವಿಷಯದಲ್ಲಿ ಇಡೀ ಹುಬ್ಬಳ್ಳಿಯಲ್ಲಿ ನನ್ನಷ್ಟು ತಿಳಿದವನು ಇನ್ನೊಬ್ಬನಿಲ್ಲ ಎಂಬ ದೃಢವಾದ ನಂಬಿಕೆ ಆಗ ನನಗಿತ್ತು. ಅದರ ಒಂದು ಹನಿಯನ್ನೂ ನಾನು ನಾಲಿಗೆಗೆ ತಾಗಿಸಿರಲಿಲ್ಲ, ಖರೆ. ನಮ್ಮದು ಮಡಿ ಮನೆತನ. ಆದರೆ ಪುಸ್ತಕ ಓದಿದ್ದೆ. ಅರ್ಧ ಓದಿದ್ದೆ!

ನಾನು ರೈಲ್ವೆ ಆಫೀಸಿನಲ್ಲಿ ಕಾರಕೂನ. ಹಿಂದಿನ ಯಾವನೋ ಅಧಿಕಾರಿ ಬಿಟ್ಟುಹೋದ ಒಂದು ದಪ್ಪ ಇಂಗ್ಲಿಷ್ ಪುಸ್ತಕ ನಮ್ಮ ಕಪಾಟಿನಲ್ಲಿ ಹುಳ ಹಿಡಿದು ಬಿದ್ದಿತ್ತು. ಮಧ್ಯಾಹ್ನದ ಬಿಡುವಿನಲ್ಲಿ ಅದನ್ನು ಓದತೊಡಗಿದೆ. ವಿಲಾಯತಿಯಲ್ಲಿ ಮಠದ ಸನ್ಯಾಸಿಗಳೇ ದ್ರಾಕ್ಷಿ ತೋಟ ಮಾಡುತ್ತಿದ್ದರಂತೆ. ಒಂದು ಗುಡ್ಡದ ಬಿಸಿಲಿಗೆ ಬೆಳೆದ ದ್ರಾಕ್ಷಿಯ ರುಚಿ ಪಕ್ಕದ ಗುಡ್ಡದ್ದಕ್ಕೆ ಇಲ್ಲವಂತೆ. ಯಾವ ವರ್ಷ ಮಳೆ ಹೇಗಾಯಿತು ಎಂಬುದು ಇಪ್ಪತ್ತು ವರ್ಷದ ಮೇಲೂ ಬಾಟಲಿಯೊಳಗೆ ಗೊತ್ತಾಗುತ್ತದಂತೆ. ಇದನ್ನೆಲ್ಲ ನಾನು ಚಹಾ ಕುಡಿಯುವಾಗ ಉಳಿದ ಕಾರಕೂನರಿಗೆ ಬೋಧಿಸುತ್ತಿದ್ದೆ. ಪಾಪ, ಅವರು ಕೇಳುತ್ತಿದ್ದರು.

ಒಂದು ದಿನ ಬಾಗಿಲಲ್ಲಿ ನಿಂತು ನಮ್ಮ ಸಾಹೇಬರೂ ಕೇಳಿಸಿಕೊಂಡರು. ಮರುದಿನವೇ ನನಗೆ ಕರೆ ಬಂತು.

ಸಾಹೇಬರು ಆರು ತಿಂಗಳ ರಜೆಯ ಮೇಲೆ ವಿಲಾಯತಿಗೆ ಹೊರಟಿದ್ದರು. ಅಲ್ಲಿ ಓದು ಮುಗಿಸಿದ ಮಗಳನ್ನು ದಸರೆಯ ಹೊತ್ತಿಗೆ ಕರೆತರುವವರಿದ್ದರು. ಮೇಜಿನ ಮೇಲೆ ಒಂದು ಧೂಳು ತುಂಬಿದ ಬಾಟಲಿ ಮಲಗಿತ್ತು. ಮಗಳು ಹುಟ್ಟಿದ ವರ್ಷ ಅವಳ ತಾಯಿ ಅದನ್ನು ಆರಿಸಿ ತಂದಿಟ್ಟಿದ್ದರಂತೆ; ಮಗಳಿಗೆ ಇಪ್ಪತ್ತೊಂದು ತುಂಬಿದಾಗ ಮೂವರೂ ಕೂಡಿ ಕುಡಿಯಬೇಕೆಂದು. ಆ ತಾಯಿ ತೀರಿಕೊಂಡು ಹದಿನೆಂಟು ವರ್ಷವಾಗಿತ್ತು.

"ನನ್ನ ಬಂಗಲೆಗೆ ತಗಡಿನ ಚಾವಣಿ. ಬೀಗ ಹಾಕಿದರೆ ಒಲೆಯಾಗುತ್ತದೆ. ನಿನ್ನದು ಮಣ್ಣಿನ ಗೋಡೆಯ ಮನೆ. ನಿನಗೆ ಈ ವಿಷಯವೂ ಗೊತ್ತು," ಎಂದರು ಸಾಹೇಬರು ಇಂಗ್ಲಿಷಿನಲ್ಲಿ. "ತಂಪಾದ ಕತ್ತಲೆಯಲ್ಲಿ ಮಲಗಿಸಿಡು. ಆಮೇಲೆ ಏನೂ ಮಾಡಬೇಡ. ಏನೂ ಮಾಡದಿರುವುದೇ ಕೆಲಸ."

ಸರಕಾರಿ ನೌಕರನಿಗೆ ಇದಕ್ಕಿಂತ ಸುಲಭದ ಕೆಲಸ ಉಂಟೆ? ನಾನು ಎದೆಯುಬ್ಬಿಸಿ ಒಪ್ಪಿಕೊಂಡೆ.

ಟಾಂಗಾದಲ್ಲಿ ಅಲುಗಾಡೀತೆಂದು ಸ್ಟೇಶನ್ನಿನಿಂದ ದುರ್ಗದಬೈಲಿನ ಹಿಂದಿನ ನಮ್ಮ ಓಣಿಯವರೆಗೆ ನಡೆದೇ ಬಂದೆ. ಬಾಟಲಿಯನ್ನು ಶಾಲಿನಲ್ಲಿ ಸುತ್ತಿ ಎರಡೂ ಕೈಯಲ್ಲಿ ಅಡ್ಡ ಹಿಡಿದಿದ್ದೆ. ಪಕ್ಕದ ಮನೆಯ ಹಣಮಂತ ಕಾಕಾ ಕಟ್ಟೆಯ ಮೇಲೆ ಕೂತಿದ್ದವರು ಎದ್ದು ನಿಂತರು.

"ಯಾರ ಕೂಸೋ ಅದು?"

"ಸಾಹೇಬ್ರದು, ಕಾಕಾ," ಎಂದು ಹೇಳಿ ಒಳಗೆ ನಡೆದೆ. ಈ ಉತ್ತರದಿಂದ ಓಣಿಯಲ್ಲಿ ಎರಡು ದಿನ ಏನೇನು ಮಾತಾಯಿತೋ ನಾನು ಇಲ್ಲಿ ಬರೆಯುವುದಿಲ್ಲ.

ಮನೆಯಲ್ಲಿ ತಂಪಾದ ಕತ್ತಲೆ ಎಂದರೆ ಅಡಿಗೆಮನೆಯ ಹಿಂದಿನ ಉಪ್ಪಿನಕಾಯಿ ಕೋಣೆ. ಅದು ನನ್ನ ಹೆಂಡತಿ ಗಂಗೂಳ ರಾಜ್ಯ. ಭರಣಿಗಳು ಸಾಲಾಗಿ, ಬಾಯಿಗೆ ಬಟ್ಟೆ ಕಟ್ಟಿಕೊಂಡು, ಬಾಯಿ ಮುಚ್ಚಿಕೊಂಡು ಕೂತಿರುತ್ತವೆ. ನನ್ನ ಕೈಯಲ್ಲಿದ್ದುದು ಏನೆಂದು ತಿಳಿದ ಕೂಡಲೇ ಅವಳು ಬಾಗಿಲಿಗೆ ಅಡ್ಡ ನಿಂತಳು.

"ಸೆರಿ ತಂದು ನನ್ನ ಉಪ್ಪಿನಕಾಯಿ ಮಗ್ಗಲಕ್ಕ ಇಡ್ತೀರೇನು?"

"ಸೆರಿ ಅಲ್ಲ ಮಾರಾಯ್ತಿ, ಇದು ದ್ರಾಕ್ಷಿ ರಸ. ಇದಕ್ಕ ದೊಡ್ಡ ಇತಿಹಾಸ ಅದ. ಊರೂರಿಗೆ, ಮಣ್ಣು ಮಣ್ಣಿಗೆ ರುಚಿ ಬ್ಯಾರೆ. ನಿನಗದು ತಿಳಿಯೂದಿಲ್ಲ."

"ಅದರಾಗ ತಿಳಿಯದ್ದೇನದ? ಶಿರಗುಪ್ಪಿ ಎರೀ ಹೊಲದ ಜ್ವಾಳದ ರೊಟ್ಟಿ ರುಚಿ ಬ್ಯಾರೆ ಇರೂದಿಲ್ಲೇನು?"

ನಾನು ಮಾತು ಬದಲಿಸಿದೆ. ಬಾಟಲಿಯ ಹಿಂದಿನ ಕಥೆ ಹೇಳಿದೆ. ತೀರಿಹೋದ ತಾಯಿಯ ಮಾತು ಬಂದಾಗ ಗಂಗೂ ದಾರಿ ಬಿಟ್ಟಳು. ಆದರೆ ಒಂದು ಕರಾರು ಹಾಕಿದಳು: ಮೂಲೆಯ ಹಲಗೆಯ ಮೇಲೆ ಅದು ಇರಬಹುದು, ನಾನು ಅದನ್ನು ಮುಟ್ಟಿದಾಗಲೆಲ್ಲ ಸ್ನಾನ ಮಾಡಬೇಕು.

ನಾನು ಮುಟ್ಟಲೇಬಾರದಿತ್ತು. ಆದರೆ ಮಂದಿಯ ವಸ್ತು ಮನೆಯಲ್ಲಿದ್ದರೆ ಹೇಗೆ ಸುಮ್ಮನಿರುವುದು? ಮುಂಜಾನೆ ಎದ್ದು ನೋಡಿದೆ, ಸರಿದಿದೆಯೇ ಎಂದು ಮುಟ್ಟಿದೆ. ಸ್ನಾನ! ಆಫೀಸಿನಿಂದ ಬಂದು ಬಿಸಿಯಾಗಿದೆಯೇ ಎಂದು ಮುಟ್ಟಿದೆ. ಸ್ನಾನ! ಶ್ರಾವಣದ ಜಿಟಿಜಿಟಿ ಮಳೆಯಲ್ಲೂ ದಿನಕ್ಕೆ ಮೂರು ಸ್ನಾನ ನಡೆದವು. ನೆಗಡಿ ಬಂತು. ಹಣಮಂತ ಕಾಕಾ ತಮ್ಮ ಮಕ್ಕಳಿಗೆ ನನ್ನನ್ನು ತೋರಿಸಿ, "ನೋಡ್ರಿ, ತ್ರಿಕಾಲ ಸ್ನಾನ. ನೌಕರಿ ಮಾಡಿಯೂ ಹಿಂಗ ನಡಕೋತಾರ ಕೆಲವರು," ಎಂದು ಹೊಗಳಿದರು. ಸೀನುತ್ತಲೇ ಕೈಮುಗಿದೆ.

ದಸರೆಗೆ ಹತ್ತು ದಿನವಿದ್ದಾಗ ಸಾಹೇಬರ ಕಾಗದ ಬಂತು. ಮಗಳೊಂದಿಗೆ ಮುಂಬಯಿಗೆ ಬಂದಿಳಿದಿದ್ದರು. ಹುಬ್ಬಳ್ಳಿಗೆ ಬಂದ ದಿನವೇ ಬಾಟಲಿಗಾಗಿ ಖುದ್ದಾಗಿ ನಮ್ಮ ಮನೆಗೆ ಬರುವುದಾಗಿ ಬರೆದಿದ್ದರು.

ಆಗ ನನಗೆ ಪುಸ್ತಕದ ಉಳಿದರ್ಧ ನೆನಪಾಯಿತು. ತಂದು ತೆರೆದರೆ, ಅಯ್ಯೋ! ಅಲ್ಲಿ ಸ್ಪಷ್ಟವಾಗಿ ಬರೆದಿತ್ತು: ಹಳೆಯ ವೈನನ್ನು ಬಡಿಸುವ ಮುಂಚೆ ಬಿರಡೆ ತೆಗೆದು ಗಾಳಿ ಕಾಣಿಸಬೇಕು, ಅದು ಉಸಿರಾಡಬೇಕು. ಎಷ್ಟು ಹೊತ್ತು? ಅದನ್ನು ಹುಳ ತಿಂದಿತ್ತು.

ನಾನು ಕೂತು ವಿಚಾರ ಮಾಡಿದೆ. ಇಪ್ಪತ್ತೊಂದು ವರ್ಷ ಉಸಿರು ಕಟ್ಟಿದ ಜೀವ. ಅದಕ್ಕೆ ಒಂದು ತಾಸು, ಎರಡು ತಾಸು ಸಾಲುತ್ತದೆಯೇ? ನಮ್ಮಲ್ಲಿ ನಿಂಬೆಕಾಯಿಗೆ ಉಪ್ಪು ಹಾಕಿ, ಭರಣಿಯ ಬಾಯಿಗೆ ತೆಳು ಬಟ್ಟೆ ಕಟ್ಟಿ, ಮಾಳಿಗೆಯ ಮೇಲೆ ಎಂಟು ದಿನ ಬಿಸಿಲಿಗಿಡುತ್ತಾರೆ. ಗಾಳಿಯೂ ಆಡುತ್ತದೆ, ಧೂಳೂ ಬೀಳುವುದಿಲ್ಲ. ನಮ್ಮ ಹಿರಿಯರು ಕಂಡುಕೊಂಡ ಶಾಸ್ತ್ರ ವಿಲಾಯತಿಯ ದ್ರಾಕ್ಷಿಗೆ ಮಾತ್ರ ಸಲ್ಲದೇ?

ಬಿರಡೆ ತೆಗೆಯುವ ಸಾಧನ ನನ್ನಲ್ಲಿರಲಿಲ್ಲ. ಗೋಣಿಚೀಲ ಹೊಲಿಯುವ ದಬ್ಬಣ ಇತ್ತು. ಅರ್ಧ ಬಿರಡೆ ಪುಡಿಯಾಗಿ ಹೊರಗೆ ಬಂತು, ಉಳಿದರ್ಧ ಒಳಗೆ ಬಿತ್ತು. ತಳದಲ್ಲಿ ಕರ್ರಗಿನ ಗಸಿ ಬೇರೆ ಕಂಡಿತು. ಕೊಳೆಯೆಂದು ಭಾವಿಸಿ, ಹಳೆಯ ಧೋತರದ ತುಂಡಿನಲ್ಲಿ ಎಲ್ಲವನ್ನೂ ಸೋಸಿ, ಬಾಟಲಿಯನ್ನು ಚೆನ್ನಾಗಿ ಅಲುಗಾಡಿಸಿ ತೊಳೆದು, ಮರಳಿ ತುಂಬಿಸಿ, ಬಾಯಿಗೆ ಬಿಳಿ ಬಟ್ಟೆ ಕಟ್ಟಿ ಮಾಳಿಗೆಗೆ ಹತ್ತಿಸಿದೆ. ಗಂಗೂಳ ಸಂಡಿಗೆಯ ಪಕ್ಕದಲ್ಲಿ ಅದು ನಿಂತಿತು.

"ಏನೂ ಮಾಡಬ್ಯಾಡ ಅಂತ ಸಾಹೇಬ್ರು ಹೇಳ್ಯಾರಲ್ರಿ?" ಎಂದಳು ಗಂಗೂ.

"ಪುಸ್ತಕದಾಗ ಬರದದ."

"ಬಿಸಲಿಗೆ ಇಡೂದು ಹೊಸಾ ಉಪ್ಪಿನಕಾಯಿ. ಹಳೇದಕ್ಕ ಯಾರರೇ ಬಿಸಲಿಗೆ ಇಡ್ತಾರೇನು?"

ಇಡೀ ಪ್ರಸಂಗದಲ್ಲಿ ಯಾರಾದರೂ ಆಡಿದ ಒಂದೇ ಒಂದು ಬುದ್ಧಿಯ ಮಾತು ಅದು. ನಾನು ಅವಳನ್ನು ಕರುಣೆಯಿಂದ ನೋಡಿ ನಕ್ಕೆ.

ಮೂರನೇ ದಿನ ಹಣಮಂತ ಕಾಕಾ ತಮ್ಮ ಮಾಳಿಗೆಯಿಂದ ಮೂಗು ಮುಚ್ಚಿಕೊಂಡು ಕೂಗಿದರು: "ಅಲ್ಲೋ, ಸೆರಿ ಅಂಗಡಿ ಮುಚ್ಚಸ್ಲಿಕ್ಕೆ ಹುಡುಗರು ಅದರ ಮುಂದ ಉಪಾಸ ಕೂತಾರ. ನೀ ಮಾಳಿಗಿ ಮ್ಯಾಲೆ ಒಣಾ ಹಾಕಿಯಲ್ಲೋ!" ತ್ರಿಕಾಲ ಸ್ನಾನದ ಪುಣ್ಯವೆಲ್ಲ ಆ ಒಂದು ಕೂಗಿನಲ್ಲಿ ಹೋಯಿತು.

ಸಾಹೇಬರು ಬಂದರು. ಜೊತೆಗೆ ಮಗಳು; ತೆಳ್ಳಗಿನ ಹುಡುಗಿ. ಪಡಸಾಲೆಯ ಜಮಖಾನೆಯ ಮೇಲೆ, ಬೂಟು ಕಳಚಿಟ್ಟು ಕೂತರು. ಬರುವಾಗ ಮೂರು ಗಾಜಿನ ಗ್ಲಾಸು ತಂದಿದ್ದರು. ಮೂರನೆಯದು ಯಾರಿಗೆಂದು ನಾನು ಕೇಳಲಿಲ್ಲ. ಬಾಟಲಿ ತಂದು ಮುಂದಿಟ್ಟೆ. ಅದರ ತಲೆಯ ಮೇಲೆ ಬಿಳಿ ಬಟ್ಟೆಯ ಟೊಪ್ಪಿಗೆ.

ಸಾಹೇಬರು ಆ ಟೊಪ್ಪಿಗೆಯನ್ನು ಬೆರಳಿನಿಂದ ಎತ್ತಿ ನೋಡಿದರು.

"ಸರ್, ಗಾಳಿ ಕಾಣಿಸಿದ್ದೇನೆ," ಎಂದೆ.

"ಎಷ್ಟು ಹೊತ್ತು?"

"ಎಂಟು ದಿನ, ಸರ್. ಬಿಸಿಲೂ ಕಾಣಿಸಿದ್ದೇನೆ."

ಅವರು ಒಂದು ಗ್ಲಾಸಿಗೆ ಸ್ವಲ್ಪ ಸುರಿದು ಮೂಗಿನ ಹತ್ತಿರ ಹಿಡಿದರು, ಕಣ್ಣು ಮುಚ್ಚಿದರು, ಕೆಳಗಿಟ್ಟರು. ಮಗಳು ಅದನ್ನು ತೆಗೆದುಕೊಂಡು ಹಟದಿಂದ ಒಂದು ಗುಟುಕು ಕುಡಿದಳು. ಅವಳ ಮುಖ ಹುಳಿ ಹುಣಸೆಕಾಯಿ ಕಚ್ಚಿದವರ ಮುಖದಂತಾಯಿತು. ಮೊದಲು ನಕ್ಕಳು. ಆಮೇಲೆ ಅಳತೊಡಗಿದಳು.

ನನಗೆ ಭೂಮಿ ಬಾಯಿ ಬಿಡಬಾರದೇ ಎನಿಸಿತು. ಅರ್ಧ ಪುಸ್ತಕ ಓದಿ ಬೀಗಿದ್ದೆ. ಬಾಟಲಿಯೊಳಗೆ ಇದ್ದುದು ಗುಡ್ಡದ ಬಿಸಿಲೂ ಅಲ್ಲ, ಮಳೆಯೂ ಅಲ್ಲ. ಈ ಹುಡುಗಿಗೆ ನೆನಪೂ ಇಲ್ಲದ ಒಬ್ಬ ತಾಯಿಯ ಕೈ. ಅದನ್ನು ನಾನು ಧೋತರದಲ್ಲಿ ಸೋಸಿದ್ದೆ.

ಒಳಬಾಗಿಲಲ್ಲಿ ನಿಂತಿದ್ದ ಗಂಗೂ ಸರ್ರನೆ ಒಳಗೆ ಹೋದಳು. ಬರುವಾಗ ಅವಳ ಕೈಯಲ್ಲಿ ಒಂದು ಪುಟ್ಟ ಭರಣಿ ಇತ್ತು. ಅದನ್ನು ನಾನೂ ವರ್ಷಕ್ಕೊಮ್ಮೆ ನೋಡಿದರೆ ಹೆಚ್ಚು. ನಮ್ಮ ಲಗ್ನದ ವರ್ಷ ನನ್ನ ಅತ್ತೆ ಹಾಕಿಕೊಟ್ಟ ನಿಂಬೆಕಾಯಿ. ಈಗ ಕಾಡಿಗೆಯಂತೆ ಕಪ್ಪಾಗಿತ್ತು. ಮನೆಯಲ್ಲಿ ಯಾರಿಗಾದರೂ ಹೊಟ್ಟೆ ಕೆಟ್ಟರೆ ಮಾತ್ರ ಕಡಲೆಕಾಳಿನಷ್ಟು ಹೊರಗೆ ಬರುತ್ತಿತ್ತು.

"ಕೈ ಹಿಡಿ, ಮಗಳ," ಎಂದು ಹುಡುಗಿಯ ಅಂಗೈಗೆ ಮೇಲಿನಿಂದ ಒಂದು ಚೂರು ಹಾಕಿದಳು. "ಇದು ನಮ್ಮವ್ವ ಹಾಕಿದ್ದು. ನಮ್ಮವ್ವನೂ ಈಗಿಲ್ಲ."

ನಾನು ಇಂಗ್ಲಿಷಿನಲ್ಲಿ ಹೇಳಿದೆ. ಹುಡುಗಿ ಬಾಯಿಗೆ ಹಾಕಿಕೊಂಡಳು, ಅಳು ನಿಂತಿತು. ಸಾಹೇಬರೂ ಒಂದು ಚೂರು ಬೇಡಿ ಪಡೆದರು. ಕಣ್ಣು ಮುಚ್ಚಿ ಬಹಳ ಹೊತ್ತು ನಾಲಿಗೆಯ ಮೇಲಿಟ್ಟುಕೊಂಡರು. ಮೊದಲು ಉಪ್ಪು, ಆಮೇಲೆ ಹುಳಿ, ಕೊನೆಗೆ ಎಲ್ಲಿಂದಲೋ ಸಿಹಿ ಬರುತ್ತದೆ ಎಂದರು. ಎಷ್ಟು ವರ್ಷದ್ದು ಎಂದು ಕೇಳಿದರು. ಹತ್ತೊಂಬತ್ತು ಎಂದೆ.

"ಇಷ್ಟು ವರ್ಷ ಇದು ಕೆಡದ ಹಾಗೆ ನಿನ್ನ ಹೆಂಡತಿ ಏನು ಮಾಡಿದಳು, ಕೇಳು."

ಕೇಳಿದೆ.

"ಏನೂ ಮಾಡಿಲ್ರಿ," ಎಂದಳು ಗಂಗೂ. "ಸುಮ್ನ ಇಟ್ಟೀನಿ. ಅದೇ ನೋಡ್ರಿ ಅದರ ಕೆಲಸ."

ಇದನ್ನು ನಾನೇ ಇಂಗ್ಲಿಷಿಗೆ ತರಬೇಕಾಯಿತು. ಸಾಹೇಬರು ಅವಳನ್ನು ನೋಡಿದರು. ಆಮೇಲೆ ನನ್ನನ್ನು ನೋಡಿದರು. ಹದಿನಾರು ವರ್ಷದ ನೌಕರಿಯಲ್ಲಿ ಇಷ್ಟು ಚುಟುಕಾದ ಷರಾ ನನಗೆ ಬಿದ್ದಿರಲಿಲ್ಲ.

ಹೊರಡುವಾಗ ಗಂಗೂ ಮಡಿ ಮರೆತು ಹುಡುಗಿಯ ತಲೆ ಸವರಿದಳು. ಅವರು ಹೋದ ಮೇಲೆ ಸ್ನಾನ ಮಾಡಿದಳು. ಆ ಬಾಟಲಿಯ ದೆಸೆಯಿಂದ ನಮ್ಮ ಮನೆಯಲ್ಲಿ ಆದ ನೂರಾರು ಸ್ನಾನಗಳಲ್ಲಿ ಅರ್ಥವಿದ್ದದ್ದು ಅದೊಂದೇ.

ಮುಂದಿನ ವರ್ಷ ಆ ಹುಡುಗಿಯ ಲಗ್ನವಾಯಿತು. ಸಾಹೇಬರು ಹೊಸದೊಂದು ಬಾಟಲಿ ಕಳಿಸಿದರು, ಅವಳಿಗೆ ಮಗು ಹುಟ್ಟಿ ಬೆಳೆದಾಗ ತೆರೆಯಲಿಕ್ಕೆ. ಅದರ ಕೊರಳಿಗೆ ಕಟ್ಟಿದ ಚೀಟಿಯಲ್ಲಿ ಗಂಗೂಳ ಹೆಸರಿತ್ತು. ನನ್ನ ಹೆಸರೂ ಇತ್ತು: ಇವರು ಮುಟ್ಟಕೂಡದು, ಎಂದು. ಕೋಣೆಯ ಕೀಲಿ ಈಗ ಅವಳ ಸೊಂಟದಲ್ಲಿದೆ.

ಮೊನ್ನೆ ರವಿವಾರ ಊಟ ಮುಗಿಸಿ ಆ ಬಾಗಿಲ ಹೊರಗೆ ನಿಂತು, ತಡೆಯಲಾರದೆ ಕೇಳಿದೆ.

"ಹೆಂಗದ?"

"ಮಲಗ್ಯದ," ಎಂದಳು ಗಂಗೂ ಒಳಗಿನಿಂದ. "ನೀವೂ ಹೋಗಿ ಒಂದು ತಾಸು ಮಲಗ್ರಿ."

ಹೋಗಿ ಮಲಗಿದೆ.